ಶಂಭು ಕಂಪ್ಲಿ ಅಂದರೆ ನಾನು

ನವೆಂಬರ್ 3, ಸೋಮವಾರ

ಇವತ್ತೊಂದೇ ದಿನ ಮೂರನೇ ಸಲ. ಫೋನಿನ ಬಂದೂಕು ಆಟದಲ್ಲಿ ಕೊನೆಗೆ ಎರಡೇ ತಂಡಗಳು ಉಳಿದಿದ್ದವು. ನಮ್ಮ ತಂಡದ ಯಲ್ಲೇಶ ಗುಂಡು ತಿಂದು ಗೋಡೆಯ ಹಿಂದೆ ಬಿದ್ದಿದ್ದ. ಅವನನ್ನು ಎಬ್ಬಿಸುತ್ತಿದ್ದೆ, ಇನ್ನು ಮೂರು ಸೆಕೆಂಡು ಸಾಕಿತ್ತು. ಅಷ್ಟರಲ್ಲಿ ಆಟ ನನ್ನನ್ನು ಹೊರಗೆ ತಳ್ಳಿತು. "ನಿಮ್ಮ ಅಕೌಂಟನ್ನು ಬೇರೊಂದು ಫೋನಿನಲ್ಲಿ ತೆರೆಯಲಾಗಿದೆ." ಈ ಸಾಲು ನನಗೆ ಬಾಯಿಪಾಠವಾಗಿಹೋಗಿದೆ.

ಬೇರೊಂದು ಫೋನು ಅಂದರೆ ನಮ್ಮ ಅಣ್ಣ ಶಂಭುಲಿಂಗನದು. ಮಿಲ್ಲಿನಲ್ಲಿ ಭತ್ತದ ಲಾರಿ ಖಾಲಿಯಾಗುವ ತನಕ ಅವನಿಗೆ ಮಾಡಲು ಏನೂ ಇರಲಿಲ್ಲವಂತೆ. ಗೆಳೆಯರಿಗೆ 'ತನ್ನ' ಬಂದೂಕುಗಳನ್ನು ತೋರಿಸಲು ಅಕೌಂಟು ತೆರೆದನಂತೆ. ಒಂದು ಅಕೌಂಟಿನಲ್ಲಿ ಒಂದು ಹೊತ್ತಿಗೆ ಒಬ್ಬರೇ ಇರಬೇಕು ಎಂಬುದು ಈ ಆಟದ ನಿಯಮ. ಆಮೇಲೆ ಬಂದವರು ಉಳಿಯುತ್ತಾರೆ, ಮೊದಲಿದ್ದವರು ಹೊರಗೆ. ನಡೆಯುತ್ತಿರುವ ಆಟವೂ ಬಂದವರ ಕೈಗೇ ಹೋಗುತ್ತದೆ. ಅವನ ಕೈಗೆ ಹೋದ ನನ್ನ ಆಟಗಾರ ಬಯಲಿನಲ್ಲಿ ಕಂಬದಂತೆ ನಿಂತ, ಸತ್ತ. ತಂಡ ಸೋತಿತು.

ಊಟಕ್ಕೆ ಬಂದಾಗ ಕೇಳಿದೆ. ತಟ್ಟೆಯಿಂದ ತಲೆ ಎತ್ತದೆ ಹೇಳಿದ: "ಅಕೌಂಟ್ ಯಾರ ನಂಬರಿಗೈತಿ? ನಂದನ್ನ ನಾ ತೆಗೆದ್ರ ನಿನಗ್ಯಾಕ ಉರೀತೈತಿ?"

ಅವನ ನಂಬರಿಗಿದೆ, ನಿಜ. ಹೆಸರೂ ಅವನದೇ, 'ಶಂಭು ಕಂಪ್ಲಿ'. ನಾಲ್ಕು ದಿನ ಆಡಿ ಬೇಸರವಾಗಿ ಬಿಟ್ಟಿದ್ದ. ನಾನು ಬಿ.ಕಾಂ. ಕೊನೆಯ ವರ್ಷದಲ್ಲಿದ್ದಾಗ ಅವನ ಹಳೆಯ ಫೋನು ನನ್ನ ಪಾಲಿಗೆ ಬಂತು, ಅದರೊಳಗೆ ಈ ಅಕೌಂಟೂ ಇತ್ತು. ಮೂರು ವರ್ಷ, ದಿನಾ ಮಧ್ಯಾಹ್ನ ಎರಡರಿಂದ ಐದು, ಅಪ್ಪ ಮತ್ತು ಅವನು ಮಿಲ್ಲಿನಲ್ಲಿರುವ ಹೊತ್ತು, ಆಡಿದ್ದು ನಾನು. ಜಿಲ್ಲೆಯಲ್ಲಿ ಮೊದಲ ಹತ್ತರೊಳಗೆ ತಂದದ್ದು ನಾನು.

ಅವನಿಗೆ ಎರಡು ತಿಂಗಳ ಹಿಂದಿನವರೆಗೆ ನೆನಪೇ ಇರಲಿಲ್ಲ. ಬಸ್ ನಿಲ್ದಾಣದ ಹತ್ತಿರ ಯಾರೋ "ಶಂಭು ಕಂಪ್ಲಿ ಅಂದ್ರ ನೀನ ಏನಪ್ಪ" ಎಂದು ಕೈಕುಲುಕಿದರಂತೆ. ಅವತ್ತಿನಿಂದ ನೆನಪಾಗಿದೆ.

ನವೆಂಬರ್ 5

ದುರುಗೇಶನ ಸಂದೇಶ: "ಯಾಕಲೇ ಶಂಭು, ಯಲ್ಲೇಶನ್ನ ಎಬ್ಬಿಸೋದು ಬಿಟ್ಟು ಬಯಲಾಗ ಹೋಗಿ ನಿಂತೀಯಲ್ಲ. ತಲಿ ಕೆಟ್ಟೈತೇನ?"

ದುರುಗೇಶ ನಮ್ಮ ತಂಡದ ನಾಯಕ. ಸಂಡೂರಿನವನು, ಗಣಿ ಟಿಪ್ಪರುಗಳ ರಿಪೇರಿ ಮಾಡುತ್ತಾನೆ. ಯಲ್ಲೇಶನದು ಮರಿಯಮ್ಮನಹಳ್ಳಿಯಲ್ಲಿ ಪಂಕ್ಚರ್ ಅಂಗಡಿ. ಪಂಪೇಶ ಹಂಪಿಗೆ ಬರುವವರಿಗೆ ಸೈಕಲ್ಲು, ಮೊಪೆಡ್ಡು ಬಾಡಿಗೆಗೆ ಕೊಡುತ್ತಾನೆ. ಒಬ್ಬರನ್ನೂ ಎದುರಿಗೆ ನೋಡಿಲ್ಲ. ಅವರು ಮೈಕಿನಲ್ಲಿ ಮಾತಾಡುತ್ತಾರೆ, ನಾನು ಬರೆದು ಉತ್ತರಿಸುತ್ತೇನೆ. ಮಾತಾಡಿದರೆ ಹೆಣ್ಣುದನಿ ಗೊತ್ತಾಗುತ್ತದೆ. ಗೊತ್ತಾದರೆ, ಗಂಡುಹುಡುಗರ ಜೊತೆ ಆಡುತ್ತೇನೆ ಎಂದು ಅಣ್ಣನ ಕಿವಿಗೆ, ಅಪ್ಪನ ಕಿವಿಗೆ. ಆಟವೇ ನಿಂತುಹೋಗುತ್ತದೆ.

"ನೆಟ್‌ವರ್ಕ್ ಹೋಯ್ತು" ಎಂದು ಬರೆದೆ. ಸುಳ್ಳು ಹೇಳಿದ್ದು ನಾನು. ಸುಳ್ಳು ಹೇಳುವಂತೆ ಮಾಡಿದವನು ಹಾಲಿನಲ್ಲಿ ಕೂತು ಕ್ರಿಕೆಟ್ ನೋಡುತ್ತಿದ್ದ.

ಆಟದ ಕಂಪನಿಗೆ ದೂರು ಬರೆದಿದ್ದೇನೆ. ಒಂದು ಅಕೌಂಟನ್ನು ಇಬ್ಬರು ಒಟ್ಟಿಗೆ ತೆರೆದರೆ ನಿಮ್ಮ ಗಂಟೇನು ಹೋಗುತ್ತದೆ ಎಂದು ಕೇಳಿದ್ದೇನೆ. ಸ್ವಲ್ಪ ಮರ್ಯಾದೆಯಿಂದ.

ನವೆಂಬರ್ 9, ಭಾನುವಾರ

ಕಂಪನಿಯ ಉತ್ತರ ಬಂತು. ಎರಡು ಕಣ್ಣೂ ಉರಿಯುವಷ್ಟು ಉದ್ದ.

ಇಬ್ಬರು ಒಟ್ಟಿಗೆ ಒಳಗಿದ್ದರೆ, ಒಬ್ಬರು ಎಸೆದ ಬಾಂಬು ಇನ್ನೊಬ್ಬರ ಚೀಲದಲ್ಲಿ ಇನ್ನೂ ಉಳಿದಿರುತ್ತದಂತೆ. ಯಾವುದು ನಿಜ, ಯಾವುದು ಸುಳ್ಳು ಎಂದು ಸರ್ವರಿಗೆ ತಿಳಿಯುವುದಿಲ್ಲವಂತೆ. ಈ ಗೊಂದಲದಲ್ಲೇ ಒಂದು ಬಂದೂಕನ್ನು ಎರಡು ಮಾಡಿಕೊಳ್ಳುವ ಕಳ್ಳರಿದ್ದಾರಂತೆ. ಒಂದೇ ಅಕೌಂಟನ್ನು ಹತ್ತು ಫೋನುಗಳಲ್ಲಿ ಓಡಿಸಿ ಅಂಕಗಳ ಗುಡ್ಡೆ ಹಾಕುವವರಿದ್ದಾರೆ, ಒಬ್ಬರೇ ಕೂತು ಆಡುವವರಿಗೆ ಅದು ಅನ್ಯಾಯ. ಪಾಸ್‌ವರ್ಡ್ ಕದ್ದು ಯಾರಾದರೂ ನುಗ್ಗಿದರೆ ಅಕೌಂಟಿನ ಒಡೆಯರಿಗೆ ಆ ಕ್ಷಣವೇ ಗೊತ್ತಾಗಬೇಕು, ಅದಕ್ಕೇ ಹೊರಗೆ ತಳ್ಳುವುದು. ಕೊನೆಗೆ: "ಅಕೌಂಟು ಒಬ್ಬ ವ್ಯಕ್ತಿಗೆ ಸೇರಿದ್ದು. ದಯವಿಟ್ಟು ಯಾರೊಂದಿಗೂ ಹಂಚಿಕೊಳ್ಳಬೇಡಿ."

ಎಲ್ಲ ಅರ್ಥವಾಯಿತು. ತಪ್ಪು ಅಂತಲೂ ಅನ್ನಲಾರೆ. ಆದರೆ ಆ ಒಬ್ಬ ವ್ಯಕ್ತಿ ಯಾರು? ಮತ್ತೆ ಬರೆದು ಕೇಳಿದೆ. ಹತ್ತು ನಿಮಿಷದಲ್ಲಿ ಉತ್ತರ ಬಂತು. ಯಾರ ಮೊಬೈಲ್ ನಂಬರಿಗೆ ನೋಂದಣಿಯಾಗಿದೆಯೋ ಅವರು.

ಮೂರು ವರ್ಷ ಆಡಿದ ನಾನು ಪಾಸ್‌ವರ್ಡ್ ಕದ್ದವಳು. ನಾಲ್ಕು ದಿನ ಆಡಿದವನು ಒಡೆಯ.

ನವೆಂಬರ್ 14

ಗೆದ್ದೆವು. ಟೂರ್ನಮೆಂಟಿನ ಆರು ಆಟಗಳಲ್ಲಿ ನಾಲ್ಕು. ಹೊಸಪೇಟೆಯಲ್ಲಿ ಡಿಸೆಂಬರ್ 7ರಂದು ನಡೆಯುವ ಫೈನಲ್ಲಿಗೆ ಆಯ್ಕೆಯಾದ ಹದಿನಾರು ತಂಡಗಳಲ್ಲಿ ನಾವೂ ಒಂದು. ಮೈಕಿನಲ್ಲಿ ಮೂವರೂ ಒಟ್ಟಿಗೆ ಕೂಗಿದರು. ನಾನು ಬಾಯಿಗೆ ಸೆರಗು ಒತ್ತಿಕೊಂಡು ಕೂತೆ.

ಫೈನಲ್ಲಿಗೆ ಎದುರಿಗೆ ಬಂದು ವೇದಿಕೆಯ ಮೇಲೆ ಕೂತು ಆಡಬೇಕು. ಆಧಾರ್ ಕಾರ್ಡು ಕಳಿಸಬೇಕು. ಏನು ಮಾಡಲಿ?

ನವೆಂಬರ್ 15

ಏನೂ ಮಾಡಬೇಕಾಗಿಲ್ಲ. ಮಾಡಿಯಾಗಿದೆ.

ಬೆಳಿಗ್ಗೆ ದುರುಗೇಶ ಬರೆದ: "ಆಧಾರ್ ಸಿಕ್ತಪ್ಪ. ನೀ ಇಷ್ಟು ದಪ್ಪ ಅದೀ ಅಂತ ಅನ್ಕೊಂಡಿರಲಿಲ್ಲ."

ಅಣ್ಣ ತನ್ನ ಆಧಾರ್ ಕಳಿಸಿದ್ದಾನೆ. ಸಂದೇಶಗಳು ಅವನಿಗೂ ಕಾಣುತ್ತವಲ್ಲ. ಅಡುಗೆಮನೆಯಲ್ಲಿ ಹಿಡಿದು ಕೇಳಿದೆ. ನಾಚಿಕೆಯೂ ಇಲ್ಲ ಅವನಿಗೆ.

"ನೀ ಹೋಗಾಕಾಗ್ತೈತೇನ ಅಲ್ಲಿಗೆ? ನೀ ಮನ್ಯಾಗ ಕೂತು ಆಡು. ನಾ ಅಲ್ಲಿ ಸುಮ್ನ ಫೋನ್ ಹಿಡ್ಕೊಂಡು ಕುಂದ್ರತೀನಿ. ಯಾರಿಗ್ ಗೊತ್ತಾಗ್ತೈತಿ?"

"ಇಬ್ಬರು ಒಟ್ಟಿಗೆ ಒಳಗ ಇರಾಕ ಬರಂಗಿಲ್ಲ. ನಾ ಬಂದ್ರ ನೀ ಹೊರಗ ಬೀಳ್ತಿ. ದಿನಾ ನೀ ಮಾಡೋದು ಅದನ್ನ," ಅಂದೆ.

ಅವನ ಮುಖ ನೋಡಬೇಕಿತ್ತು. ಎರಡು ತಿಂಗಳಿಂದ ನನ್ನನ್ನು ಹೊರಗೆ ಹಾಕುತ್ತಿದ್ದೇನೆ ಎಂಬುದೇ ಅವನಿಗೆ ಗೊತ್ತಿರಲಿಲ್ಲ. ನಾನು ಸುಮ್ಮಸುಮ್ಮನೆ ಜಗಳ ತೆಗೆಯುತ್ತೇನೆ ಅಂದುಕೊಂಡಿದ್ದನಂತೆ.

ಅಪ್ಪನ ಹತ್ತಿರ ಹೋದೆ. ತೋಟಪ್ಪನವರು ಅಂದರೆ ಊರಲ್ಲಿ ನ್ಯಾಯ ಹೇಳುವವರು. ಪೂರ್ತಿ ಕೇಳಿಸಿಕೊಂಡು ಹೇಳಿದರು: "ಗಂಡ್ಹುಡುಗ್ರ ನಡುವ ನೀ ಎಲ್ಲಿ ಕುಂದ್ರತೀಯವ್ವ. ನಿನ್ನ ನೋಡಾಕ ಬರೋ ಮಂದಿ ಏನಂತಾರ? ಅಂವ ಹೋಗ್ಲಿ ಬಿಡು. ಹೆಸರು ಮನಿಗೇ ಬರ್ತೈತಲ್ಲ."

ಮನೆಗೆ. ನನಗಲ್ಲ, ಮನೆಗೆ.

ನವೆಂಬರ್ 18

ಅಣ್ಣನಿಗೆ ಆಟ ಕಲಿಸಬೇಕಂತೆ ನಾನು. ಆಗುವುದಿಲ್ಲ ಅಂದೆ. "ಹಂಗಾದ್ರ ಪಾಸ್‌ವರ್ಡ್ ಬದಲಿ ಮಾಡ್ತೀನಿ, ಯಾರೂ ಆಡೋದ್ ಬ್ಯಾಡ" ಅಂದ. ಒಟಿಪಿ ಹೋಗುವುದು ಅವನ ನಂಬರಿಗೆ. ಒಪ್ಪಿದೆ.

ನವೆಂಬರ್ 21

ಅವನ ಹೆಬ್ಬೆರಳು ಕಡಲೆಕಾಯಿ ಒಡೆಯುವುದಕ್ಕೆ ಸರಿ. ಓಡು ಅಂದರೆ ಬಗ್ಗುತ್ತಾನೆ, ಬಗ್ಗು ಅಂದರೆ ಬಾಂಬು ತೆಗೆದು ತನ್ನ ಕಾಲಡಿಗೇ ಹಾಕಿಕೊಳ್ಳುತ್ತಾನೆ. ಹೆಜ್ಜೆ ಸಪ್ಪಳ ಎಡಗಿವಿಯಲ್ಲಿ ಬಂದರೆ ಬಲಕ್ಕೆ ತಿರುಗುತ್ತಾನೆ. ಇವತ್ತು ಒಂದೂವರೆ ತಾಸು ಅವನ ಮೇಲೆ ಕೂಗಿದ್ದೇನೆ. ಅವ್ವ ಬಂದು, "ಯಾಕವ್ವ ಹಂಗ ಬಾಯಿ ಮಾಡ್ತಿ, ಓಣಿ ಕಡೀತನಕ ಕೇಳಸ್ತೈತಿ" ಅಂದಳು. ಗಂಟಲು ಕಟ್ಟಿದೆ.

ನವೆಂಬರ್ 27

ಮಧ್ಯಾಹ್ನ ತಂಡದ ಜೊತೆ ಅಭ್ಯಾಸ. ಆಡಿದ್ದು ಅವನು, ಮೈಕೂ ತೆರೆದಿತ್ತು. ನಾನು ಹಿಂದೆ ನಿಂತು ಹೇಳುತ್ತಿದ್ದೆ: ಎಡಕ್ಕೆ, ಮೆಟ್ಟಿಲ ಕೆಳಗೆ, ಗುಂಡು ತುಂಬಿಕೋ, ಪಂಪೇಶನ್ನ ಒಬ್ಬನ್ನೇ ಬಿಡಬ್ಯಾಡ.

ದುರುಗೇಶ ಕೇಳಿದ: "ಯಾರಲೇ ಅದು ಹಿಂದ?"

"ನಮ್ ತಂಗಿ. ಸುಮ್ನ ಒದರ್ತಾಳ."

ಇನ್ನೇನೂ ಬರೆಯಲಾರೆ ಇವತ್ತು.

ಡಿಸೆಂಬರ್ 6

ನಾಳೆ ಫೈನಲ್. ಹೊಸ ಅಂಗಿ ತಂದುಕೊಂಡಿದ್ದಾನೆ. ಬೆನ್ನ ಮೇಲೆ 'ಶಂಭು' ಎಂದು ಬರೆಸಿದ್ದಾನೆ. ಅದನ್ನು ಇಸ್ತ್ರಿ ಮಾಡು ಎಂದು ನನಗೇ ಕೊಟ್ಟ. ಮಾಡಿದೆ. ಸುಡಬಹುದಿತ್ತು.

ಡಿಸೆಂಬರ್ 7, ಭಾನುವಾರ

ನಡೆದದ್ದನ್ನು ನಡೆದ ಹಾಗೆ ಬರೆಯುತ್ತೇನೆ.

ಬೆಳಿಗ್ಗೆ ಹನ್ನೊಂದಕ್ಕೆ ಯೂಟ್ಯೂಬಿನಲ್ಲಿ ಶುರುವಾಯಿತು. ಅವ್ವ ಅಲಸಂದಿ ಬಿಡಿಸುತ್ತಾ ಟಿ.ವಿ. ಮುಂದೆ ಕೂತಿದ್ದಳು. ಪಕ್ಕದ ಮನೆಯವರೂ ಬಂದಿದ್ದರು. ಆಟಕ್ಕೆ ಮೊದಲು ಆಟಗಾರರನ್ನು ಒಬ್ಬೊಬ್ಬರಾಗಿ ಮಾತಾಡಿಸಿದರು. ಅಣ್ಣನ ಸರದಿ ಬಂತು. "ಮೂರು ವರ್ಷ ಆತ್ರಿ. ಮಿಲ್ಲಿನ ಕೆಲಸ ಮುಗಿಸಿ ಒಬ್ಬನ ಕುಂತು ಪ್ರ್ಯಾಕ್ಟೀಸ್ ಮಾಡೀನಿ. ಮನ್ಯಾಗ ಯಾರೂ ಸಪೋರ್ಟ್ ಮಾಡಲಿಲ್ಲರಿ," ಅಂದ.

ಅವ್ವ ನನ್ನ ಕಡೆ ನೋಡಿದಳು. ನಾನು ಎದ್ದು ಒಳಗೆ ಹೋಗಿ ಬಾಗಿಲು ಹಾಕಿಕೊಂಡೆ. ಲಾಗಿನ್ ಒತ್ತಿದೆ. ಯೋಚನೆ ಮಾಡಿ ಒತ್ತಿದ್ದಲ್ಲ. ಯೋಚನೆ ಮಾಡದೆ ಒತ್ತಿದೆ ಅಂದರೆ ಅದೂ ಸುಳ್ಳು.

ಅಷ್ಟರಲ್ಲಿ ಉಳಿದವರ ಮಾತೂ ಮುಗಿದು ಆಟ ಶುರುವಾಗಿತ್ತು. ಅಣ್ಣ ಹೊರಗೆ ಬಿದ್ದ, ನಾನು ಒಳಗೆ. ನಮ್ಮ ಆಟಗಾರ ಒಂದು ಗೋದಾಮಿನಲ್ಲಿ ಗೋಡೆಗೆ ಮುಖ ಮಾಡಿ ನಿಂತಿದ್ದ. ಹೊರಗೆ ಯಲ್ಲೇಶ ಬಿದ್ದಿದ್ದ, ಮೂರು ಜನ ಅವನ ಸುತ್ತ. ಬರೆಯಲು ಪುರುಸೊತ್ತೆಲ್ಲಿ? ಮೈಕ್ ಒತ್ತಿ ಹೇಳಿದೆ: "ದುರುಗೇಶ, ಮಾಳಿಗಿ ಬಿಟ್ಟು ಇಳಿ. ಪಂಪೇಶ, ಹೊಗೆ ಹಾಕು. ಯಲ್ಲೇಶನ್ನ ನಾ ಎಬ್ಬಸ್ತೀನಿ."

ದುರುಗೇಶ ಇಳಿದ. ಪಂಪೇಶ ಹೊಗೆ ಹಾಕಿದ. ಮೂವರನ್ನೂ ಹೊಡೆದೆ, ಯಲ್ಲೇಶನನ್ನು ಎಬ್ಬಿಸಿದೆ. ಒಂಬತ್ತು ನಿಮಿಷ ಆಡಿದೆವು. ಅಷ್ಟು ಚೆನ್ನಾಗಿ ನಾವು ಯಾವತ್ತೂ ಆಡಿರಲಿಲ್ಲ. ಇನ್ನು ನಾಲ್ಕು ತಂಡ ಉಳಿದಿದ್ದಾಗ ಪರದೆ ನಿಂತಿತು. ಆಟವನ್ನೇ ನಿಲ್ಲಿಸಿದ್ದರು.

ಸಭಾಂಗಣದಲ್ಲಿ ಆದದ್ದನ್ನು ಆಮೇಲೆ ಯೂಟ್ಯೂಬಿನಲ್ಲಿ ನೋಡಿದೆ. ವೇದಿಕೆಯ ಮೇಲೆ ಅಣ್ಣ ಫೋನು ಕೆಳಗಿಟ್ಟು ಎರಡೂ ಕೈ ಮೇಜಿನ ಮೇಲಿಟ್ಟುಕೊಂಡು ಕೂತಿದ್ದಾನೆ. ಅವನ ಹಿಂದೆ ದೊಡ್ಡ ಪರದೆಯಲ್ಲಿ ಶಂಭು ಕಂಪ್ಲಿ ಓಡುತ್ತಿದ್ದಾನೆ, ಹಾರುತ್ತಿದ್ದಾನೆ, ಒಬ್ಬೊಬ್ಬರನ್ನೇ ಉರುಳಿಸುತ್ತಿದ್ದಾನೆ. ಮೊದಲು ಯಾರಿಗೂ ತಿಳಿಯಲಿಲ್ಲ. ಆಮೇಲೆ ಮುಂದಿನ ಸಾಲಿನಲ್ಲಿ ಒಬ್ಬ ಅಣ್ಣನ ಕೈಗಳ ಕಡೆ ಬೆರಳು ತೋರಿಸಿದ. ಆಮೇಲೆ ಎಲ್ಲರೂ ನೋಡಿದರು. ರೆಫರಿ ಒಬ್ಬ ಹೆಂಗಸು, ಗಾಯತ್ರಿ ಅಂತೆ. ಬಂದು ಅವನ ಫೋನು ಎತ್ತಿಕೊಂಡರು.

ತಂಡವನ್ನು ಹೊರಗೆ ಹಾಕಿದರು. ನಾಲ್ವರನ್ನೂ.

ಡಿಸೆಂಬರ್ 7, ಸಂಜೆ

ಅಣ್ಣ ಬಂದ. ಬೈಯುತ್ತಾನೆ ಎಂದು ಉತ್ತರ ಸಿದ್ಧ ಮಾಡಿಕೊಂಡು ಕೂತಿದ್ದೆ. ಬೈಯಲಿಲ್ಲ. ಅಂಗಿ ಬದಲಿಸಿ ಬಂದು ಬಾಗಿಲ ಬಳಿ ಕೂತ.

"ಎಲ್ರೂ ನನ್ನ ಕೈ ನೋಡಾಕತ್ತಿದ್ರು," ಅಂದ. ಆಮೇಲೆ, "ಆಡೋರು ಯಾರು ಅಂತ ಆ ಮೇಡಮ್ ಕೇಳಿದ್ರು. ನಮ್ ತಂಗಿ ಅಂದೆ. ಮೊದ್ಲಿಂದಾನೂ ಆಕೀನ ಅಂದೆ."

ಹೇಳಿದನಂತೆ. ಹೇಳದೆ ಇನ್ನೇನು ಮಾಡುತ್ತಿದ್ದ? ಕರುಣೆ ಬರಲಿಲ್ಲ ನನಗೆ. ಬಂದರೂ ಬರೆಯುವುದಿಲ್ಲ.

ಡಿಸೆಂಬರ್ 8

ದುರುಗೇಶ ಫೋನು ಮಾಡಿದ. ಅಣ್ಣ ನನ್ನ ಕೈಗೆ ಕೊಟ್ಟ.

"ನೀವು ಯಾರೋ ಏನೋ ನನಗ ಗೊತ್ತಿಲ್ಲರಿ. ಆದ್ರ ಒಂದು ಕೇಳ್ತೀನಿ. ನಿಮ್ಮ ಮನಿ ಜಗಳಕ್ಕ ನಾವ್ಯಾಕ ಸಾಯಬೇಕಿತ್ತು? ಯಲ್ಲೇಶ ಎರಡು ದಿನ ಅಂಗಡಿ ಮುಚ್ಚಿ ಬಂದಿದ್ದ. ನಾ ಮಾಲೀಕರ ಕೈಕಾಲು ಹಿಡಿದು ರಜಾ ತಗೊಂಡಿದ್ದೆ. ಇನ್ನ ಮುಂದ ಯಾವ ಟೂರ್ನಮೆಂಟಿಗೂ ಸೇರಿಸ್ಕೊಳ್ಳಂಗಿಲ್ಲಂತ."

"ನಾ ಬಂದಿರಲಿಲ್ಲಂದ್ರ ಅಂವ ನಿಮ್ಮನ್ನ ಎರಡನೇ ನಿಮಿಷಕ್ಕ ಸಾಯಿಸ್ತಿದ್ದ," ಅಂದೆ.

"ಸಾಯಿಸ್ತಿದ್ದ. ಸೋತು ಮನಿಗೆ ಹೋಗ್ತಿದ್ವಿ. ಈಗ ಕಳ್ಳರು ಅನಿಸ್ಕೊಂಡು ಹೋದ್ವಿ."

ಫೋನು ಇಟ್ಟುಬಿಟ್ಟ. ಸಿಟ್ಟಿನಿಂದ ಗೋಡೆಗೆ ಒರಗಿ ನಿಂತೆ. ಅವನ ಮೇಲೆ, ಅಣ್ಣನ ಮೇಲೆ, ಅಪ್ಪನ ಮೇಲೆ. ಎಲ್ಲರ ಮೇಲೂ ಆದ ಮೇಲೆ ಅವನ ಮಾತು ಮಾತ್ರ ಉಳಿಯಿತು. ಅವನು ಹೇಳಿದ್ದರಲ್ಲಿ ಒಂದೂ ಸುಳ್ಳಿರಲಿಲ್ಲ.

ಅಕೌಂಟನ್ನೂ ಮುಚ್ಚಿದ್ದಾರೆ. ತೆರೆದರೆ, ಹಂಚಿಕೊಂಡಿದ್ದಕ್ಕಾಗಿ ಶಾಶ್ವತವಾಗಿ ಮುಚ್ಚಲಾಗಿದೆ ಎಂದು ಬರುತ್ತದೆ. ಮೂರು ವರ್ಷ. ಅಳು ಬರಲಿಲ್ಲ.

ಡಿಸೆಂಬರ್ 10

ರೆಫರಿ ಗಾಯತ್ರಿಯವರ ನಂಬರು ಅಣ್ಣನಿಂದ ತೆಗೆದುಕೊಂಡು ನಾನೇ ಫೋನು ಮಾಡಿದೆ. ಉಳಿದ ಮೂವರಿಗೆ ಏನೂ ಗೊತ್ತಿರಲಿಲ್ಲ, ಅವರನ್ನು ಬಿಡಿ ಅಂದೆ.

"ಫೋನಿನಾಗ ಹೇಳಿದ್ರ ಆಗಂಗಿಲ್ಲಮ್ಮ. ಶನಿವಾರ ಸಮಿತಿ ಕೂಡ್ತೈತಿ. ಆಧಾರ್ ತಗೊಂಡು ನೀನ ಬಂದು ಬರೆದು ಕೊಡಬೇಕು. ಬರೆದು ಕೊಟ್ರ ನಿನ್ ಮ್ಯಾಲೂ ಕ್ರಮ ಆಗ್ತೈತಿ. ತಿಳ್ಕೊಂಡು ಬಾ."

ಅಪ್ಪ ಬೇಡವೇ ಬೇಡ ಅಂದರು. ಆದದ್ದೇ ಸಾಕು, ಮತ್ತೆ ಹೋಗಿ ಊರಿಗೆಲ್ಲ ಸಾರಬೇಕೇ ಅಂದರು. "ಹೋಗ್ತೀನಪ್ಪ," ಅಂದೆ. ಎರಡನೇ ಸಲ ಹೇಳಲಿಲ್ಲ. ಊಟಕ್ಕೆ ಕೂತೆ.

ಡಿಸೆಂಬರ್ 13, ಶನಿವಾರ

ಬೆಳಿಗ್ಗೆ ಹೊರಡುವಾಗ ಅವ್ವ ಚಪ್ಪಲಿ ಮೆಟ್ಟಿಕೊಂಡು ಬಾಗಿಲಲ್ಲಿ ನಿಂತಿದ್ದಳು. ಎಲ್ಲಿಗೆ ಅಂದರೆ, "ನಿನ್ ಕೂಡ" ಅಂದಳು. ಅಪ್ಪನಿಗೆ ಹೇಳಿದ್ದಾಳೋ ಇಲ್ಲವೋ, ಕೇಳಲಿಲ್ಲ. ಹೊಸಪೇಟೆಯ ಬಸ್ಸು ಹತ್ತಿದೆವು. ಕಮಲಾಪುರದ ಹತ್ತಿರ ಕಬ್ಬಿನ ಟ್ರ್ಯಾಕ್ಟರು ದಾರಿಗೆ ಅಡ್ಡವಾಗಿ ಬಸ್ಸು ನಿಂತಾಗ ಕೇಳಿದಳು: "ಅವತ್ತು ಟಿ.ವಿ.ಯಾಗ ಅಂವ ಮಂದೀನ ಹೊಡ್ಯಾಕತ್ತಿದ್ನಲ್ಲ, ಅದು ನೀನೇನ?"

"ಹೂಂ."

"ಭಾಳ ಜಲ್ದಿ ಇತ್ತು ಕೈ," ಅಂದಳು. ಹೊಗಳಿದಳೋ, ಸುಮ್ಮನೆ ಹೇಳಿದಳೋ ತಿಳಿಯಲಿಲ್ಲ.

ಸಮಿತಿಯಲ್ಲಿ ಗಾಯತ್ರಿಯವರು, ಇನ್ನಿಬ್ಬರು ಗಂಡಸರು. ದುರುಗೇಶ, ಪಂಪೇಶ, ಯಲ್ಲೇಶ ಗೋಡೆಗೆ ಹಾಕಿದ ಬೆಂಚಿನ ಮೇಲೆ ಕೂತಿದ್ದರು. ದುರುಗೇಶ ನಾನಂದುಕೊಂಡದ್ದಕ್ಕಿಂತ ಗಿಡ್ಡ. ಯಾರೂ ನನ್ನ ಮುಖ ನೋಡಲಿಲ್ಲ.

ಬರೆದುಕೊಟ್ಟೆ. ಮೂರು ವರ್ಷದಿಂದ ಆಡಿದ್ದು ನಾನು. ಈ ಮೂವರಿಗೆ ಗೊತ್ತಿರಲಿಲ್ಲ. ಫೈನಲ್ ದಿನ ಲಾಗಿನ್ ಆದದ್ದು ಯಾರೂ ಹೇಳಿ ಅಲ್ಲ, ನಾನೇ.

ಗಂಡಸರಲ್ಲಿ ಒಬ್ಬರು ಓದಿ ಹೇಳಿದರು: "ಅಣ್ಣನ್ ಸಲುವಾಗಿ ಬರದೀಯೇನಮ್ಮ? ಅಣ್ಣ ಉಳೀಲಿ ಅಂತ ತಂಗಿ ಹಿಂಗ ಬರ್ದು ಕೊಡೋದು ಹೊಸದಲ್ಲ. ಆಡಿದ್ದು ನೀನ ಅಂತ ಏನ್ ಪುರಾವೆ?"

ಮೈಯೆಲ್ಲ ಉರಿಯಿತು. ತಪ್ಪು ಒಪ್ಪಿಕೊಂಡರೂ ಅದು ನನ್ನದು ಅಂತ ನಂಬುವುದಿಲ್ಲವಲ್ಲ ಇವರು. ಏನು ಹೇಳಿದೆನೋ ಎಲ್ಲ ನೆನಪಿಲ್ಲ. ಆಗಸ್ಟಿನಲ್ಲಿ ಬಳ್ಳಾರಿ ತಂಡವನ್ನು ಸೋಲಿಸಿದ ಆಟ ಹೇಳಿದೆ. ಯಾವ ಕಿಟಕಿ, ಎಷ್ಟು ಗುಂಡು, ಪಂಪೇಶ ಎಲ್ಲಿ ಎಡವಿದ, ದುರುಗೇಶ ಏನು ಬೈದ. ಇನ್ನೊಂದು ಹೇಳಿದೆ. ಮತ್ತೊಂದು ಶುರು ಮಾಡಿದೆ.

ಬೆಂಚಿನಿಂದ ದುರುಗೇಶ ಎದ್ದ. "ಸಾಕ್ರಿ ಸರ್. ಇಕೀನ. ಆ ದನಿ ಒಂಬತ್ತು ನಿಮಿಷ ಕೇಳೀನಿ ನಾನು. ಬ್ಯಾರೆ ಯಾರೂ ಅಲ್ಲ."

ಹೊರಗೆ ಬಂದ ಮೇಲೂ ಅವನು ಕ್ಷಮಿಸಿದೆ ಅನ್ನಲಿಲ್ಲ, ನಾನೂ ಕೇಳಲಿಲ್ಲ. ತಪ್ಪಾಯಿತು ಎಂದು ಮಾತ್ರ ಹೇಳಿದೆ, ಮೂವರಿಗೂ ಬೇರೆ ಬೇರೆಯಾಗಿ. ಯಲ್ಲೇಶ, "ಆವತ್ತು ನನ್ನ ಎಬ್ಬಿಸಿದ್ರಲ್ಲರಿ, ಇರ್ಲಿ ಬಿಡ್ರಿ" ಅಂದ. ಅವ್ವ ಅವರಿಗೆಲ್ಲ ಹೋಟೆಲಿನಲ್ಲಿ ಮಂಡಾಳ ಒಗ್ಗರಣೆ, ಮೆಣಸಿನಕಾಯಿ ಬಜ್ಜಿ ಕೊಡಿಸಿದಳು.

ಡಿಸೆಂಬರ್ 17

ಸಮಿತಿಯ ಆದೇಶ ಬಂತು. ದುರುಗೇಶ, ಪಂಪೇಶ, ಯಲ್ಲೇಶ ನಿರ್ದೋಷಿಗಳು. ಶಂಭುಲಿಂಗನಿಗೆ ಒಂದು ವರ್ಷ ನಿಷೇಧ. ಅದಕ್ಕೂ ಮೇಲಿನ ಸಾಲು: "ಕಾವ್ಯ, ತಂದೆ ತೋಟಪ್ಪ, ಕಂಪ್ಲಿ. ಆಟಗಾರ್ತಿ. ಒಂದು ವರ್ಷ ನಿಷೇಧ."

ಅಪ್ಪ ಮಿಲ್ಲಿನಿಂದ ಬಂದವರೇ ಫೋನು ಹಿಡಿದು ಕೇಳಿದರು: "ನಿನ್ನ ಹೆಸರು ಯಾಕ ಮ್ಯಾಲೈತಿ?"

"ಆಡಿದ್ದು ನಾನಪ್ಪ."

ಇನ್ನೊಂದು ಸಲ ಓದಿದರು. ಕನ್ನಡಕ ತೆಗೆದರು. ಕೈಕಾಲು ತೊಳೆಯಲು ಹೋದರು.

ನನಗೂ ಅವನಿಗೂ ಒಂದೇ ಶಿಕ್ಷೆ ಹೇಗಾಗುತ್ತದೆ ಎಂದು ಗಾಯತ್ರಿಯವರಿಗೆ ಫೋನು ಮಾಡಿ ಜಗಳ ಮಾಡಿದೆ. ಅವರು ನಗುತ್ತಾ ಹೇಳಿದರು: "ಆಡಾಕ ನಿಷೇಧ ಐತಮ್ಮ. ತಂಡ ತಯಾರು ಮಾಡಾಕ ಇಲ್ಲ. ಆದೇಶ ಸರಿಯಾಗಿ ಓದು."

ಓದಿದೆ. ಹೌದು, ಎಲ್ಲೂ ಇಲ್ಲ.

ಡಿಸೆಂಬರ್ 22

ತಂಡ ನಾನು ತಯಾರು ಮಾಡುತ್ತೇನೆ ಅಂದದ್ದಕ್ಕೆ ದುರುಗೇಶ ಒಪ್ಪಿದ. ನಾಲ್ಕನೆಯವಳಾಗಿ ಚಿತ್ತವಾಡ್ಗಿಯ ಸ್ನೇಹಾ ಎಂಬ ಹುಡುಗಿಯನ್ನು ಹುಡುಕಿದ್ದಾನೆ. ಗುರಿ ಚೆನ್ನಾಗಿದೆ, ನಕ್ಷೆ ಓದಲು ಬರುವುದಿಲ್ಲ. ಬೈದಿದ್ದೇನೆ. ಪಂಪೇಶ ಇನ್ನೂ ಒಬ್ಬನೇ ಮುಂದೆ ಓಡುತ್ತಾನೆ. ಅವನಿಗೂ ಬೈದಿದ್ದೇನೆ. ಹಾಲಿನಲ್ಲಿ ಕೂತು ಸ್ಪೀಕರಿನಲ್ಲೇ ಮಾತಾಡಿದೆ, ಒಳಗೆ ಸೆಕೆ. ಅಪ್ಪ ಪೇಪರು ಓದುತ್ತಿದ್ದವರು ಒಮ್ಮೆ ಎದ್ದು ಟಿ.ವಿ. ಸದ್ದು ಕಡಿಮೆ ಮಾಡಿದರು.

ಯಲ್ಲೇಶ ಇವತ್ತೂ ಇಪ್ಪತ್ತು ನಿಮಿಷ ತಡ. ಲಾರಿ ಟೈರು ಬಂತಂತೆ. ನಾಳೆಯೂ ತಡವಾದರೆ ತಂಡದಿಂದ ತೆಗೆಯುತ್ತೇನೆ ಎಂದು ಹೇಳಿದೆ. "ಹೂನ್ರಿ" ಅಂದ. ನೋಡೋಣ ಬರುತ್ತಾನೋ ಇಲ್ಲವೋ.